ಒಂದು ಹಲ್ಲಿನಿಂದ ಶಾರ್ಕಿನ ಬಗ್ಗೆ ಎಷ್ಟು ಹೇಳಬಹುದು?

ಪ್ರಶ್ನೆ: ದುರ್ಗದ ವಿಜ್ಞಾನ ಶಿಕ್ಷಕ

ಎಲ್ಲರಿಗೂ ನಮಸ್ಕಾರ. ನಾನು ಚಿತ್ರದುರ್ಗದ ಪ್ರೌಢಶಾಲೆಯೊಂದರಲ್ಲಿ ವಿಜ್ಞಾನ ಬೋಧಿಸುತ್ತೇನೆ. ನಮ್ಮ ಶಾಲೆಯ ವಸ್ತುಪ್ರದರ್ಶನಕ್ಕೆಂದು ಒಂಬತ್ತನೇ ತರಗತಿಯ ವಿದ್ಯಾರ್ಥಿನಿಯೊಬ್ಬಳು ಪಳೆಯುಳಿಕೆಯಾದ ಹಲ್ಲೊಂದನ್ನು ತಂದಿದ್ದಾಳೆ. ಅದನ್ನು ಆಕೆಯ ಸೋದರಮಾವ ಮುಂಬಯಿಯ ಅಂಗಡಿಯೊಂದರಲ್ಲಿ ಕೊಂಡರಂತೆ. ಜೊತೆಗಿರುವ ಚೀಟಿಯಲ್ಲಿ ‘ಮೆಗಲೊಡಾನ್ ಶಾರ್ಕಿನ ಹಲ್ಲು’ ಎಂದು ಬರೆದಿದೆ. ಹಲ್ಲು ಸುಮಾರು 6 ಸೆಂಟಿಮೀಟರ್ ಉದ್ದವಿದ್ದು, ಮೇಲಿನ ತ್ರಿಕೋನಾಕಾರದ ಭಾಗ ಜೇನುಬಣ್ಣದಿಂದ ಹೊಳೆಯುತ್ತದೆ. ಬುಡ ಬಿಳಿಚಿಕೊಂಡಿದ್ದು, ಅದಕ್ಕೆ ಮರಳು ಅಂಟಿಕೊಂಡಿದೆ. ಅಂಚಿನ ಮೇಲೆ ಉಗುರು ಎಳೆದರೆ ಎಲ್ಲಿಯೂ ತೊಡಕುವುದಿಲ್ಲ. ನಡುವಿನ ದೊಡ್ಡ ಮೊನೆಯ ಎರಡೂ ಪಕ್ಕಗಳಲ್ಲಿ ಒಂದೊಂದು ಪುಟ್ಟ ಮೊನೆ ಇದೆ.

ಮಕ್ಕಳು ಕೇಳಿದ ಮೂರು ಪ್ರಶ್ನೆಗಳನ್ನು ಇಲ್ಲಿ ಇಡುತ್ತಿದ್ದೇನೆ. ಇದು ನಿಜವಾಗಿಯೂ ಬಹು ಹಿಂದೆ ನಶಿಸಿದ ದೈತ್ಯ ಶಾರ್ಕು ಮೆಗಲೊಡಾನ್‌ನ ಹಲ್ಲೇ? ಮರಡಿಹಳ್ಳಿಯ ದಿಂಬಿನಾಕಾರದ ಲಾವಾ ಶಿಲೆಗಳು ಸಮುದ್ರದಡಿಯಲ್ಲಿ ರೂಪುಗೊಂಡವು ಎಂದು ನಾವೇ ಅವರಿಗೆ ಪಾಠ ಮಾಡಿರುವಾಗ, ಇಂಥ ಹಲ್ಲು ನಮ್ಮ ಜಿಲ್ಲೆಯಲ್ಲಿಯೂ ಏಕೆ ಸಿಗಬಾರದು? ಮೂರನೆಯದು ನನ್ನನ್ನೂ ಕಾಡಿದ ಪ್ರಶ್ನೆ: ಹೆಲಿಕೋಪ್ರಿಯಾನ್ ಎಂಬ ಪ್ರಾಣಿಯ ಚಿತ್ರ ಒಂದೊಂದು ಪುಸ್ತಕದಲ್ಲಿ ಒಂದೊಂದು ಬಗೆಯಾಗಿದೆ. ಬರೀ ಹಲ್ಲು ಸಿಕ್ಕಾಗ ವಿಜ್ಞಾನಿಗಳು ಉಳಿದ ದೇಹವನ್ನು ಯಾವ ಆಧಾರದ ಮೇಲೆ ಬರೆಯುತ್ತಾರೆ?

ಉತ್ತರ: ಹಿರಿಯೂರಿನ ನಿವೃತ್ತ ಭೂವಿಜ್ಞಾನಿ

ಮೇಷ್ಟ್ರೇ, ಎರಡನೆಯ ಪ್ರಶ್ನೆಯಿಂದ ಆರಂಭಿಸುತ್ತೇನೆ, ಏಕೆಂದರೆ ಅದು ನನ್ನ ಕಸುಬಿಗೆ ಸೇರಿದ್ದು. ಮರಡಿಹಳ್ಳಿಯ ಲಾವಾ ನೀರಿನಡಿಯಲ್ಲಿ ಉಕ್ಕಿ ಗಟ್ಟಿಯಾದದ್ದು ನಿಜ. ಆದರೆ ಅದರ ವಯಸ್ಸು ಸುಮಾರು 250 ಕೋಟಿ ವರ್ಷ. ಶಾರ್ಕುಗಳ ವಂಶಕ್ಕೆ ಸೇರಿಸಬಹುದಾದ ಅತಿ ಹಳೆಯ ಚರ್ಮದ ಚಿಪ್ಪುಗಳು ಕೇವಲ 45 ಕೋಟಿ ವರ್ಷಗಳಷ್ಟು ಹಿಂದಿನವು. ದವಡೆಯುಳ್ಳ ಪ್ರಾಣಿಗಳ ಅತಿ ಪುರಾತನ ಹಲ್ಲುಗಳೆಂದು 2022ರಲ್ಲಿ ಪ್ರಕಟವಾದ ಚೀನಾದ ಗೈಝೌ ಪ್ರಾಂತ್ಯದ ‘ಕಿಯಾನೋಡಸ್’ ಹಲ್ಲುಗಳ ವಯಸ್ಸು ಸುಮಾರು 44 ಕೋಟಿ ವರ್ಷ. ಹಾಗಾಗಿ ನಮ್ಮಲ್ಲಿ ಸಮುದ್ರವೇನೋ ಇತ್ತು, ಆದರೆ ಅದರಲ್ಲಿ ಮೀನಿರಲಿಲ್ಲ. ಮೀನು ಹುಟ್ಟಲು ಇನ್ನೂ ಇನ್ನೂರು ಕೋಟಿ ವರ್ಷ ಕಳೆಯಬೇಕಿತ್ತು. ಅಂದಿನ ಜೀವಿಗಳ ಗುರುತೆಂದರೆ ಚಿತ್ರದುರ್ಗ ಶಿಲಾಪಟ್ಟಿಯ ಸುಣ್ಣಕಲ್ಲುಗಳಲ್ಲಿ ವರದಿಯಾಗಿರುವ ಸ್ಟ್ರೊಮ್ಯಾಟೊಲೈಟುಗಳು, ಅಂದರೆ ಸೂಕ್ಷ್ಮಜೀವಿಗಳು ಪದರ ಪದರವಾಗಿ ಕಟ್ಟಿದ ರಚನೆಗಳು. ಕೋಟೆಯ ಬೆಟ್ಟಗಳ ಕಣಶಿಲೆಯಂತೂ ನೆಲದಾಳದಲ್ಲಿ ಕರಗಿ ತಣಿದದ್ದು, ಅದರಲ್ಲಿ ಪಳೆಯುಳಿಕೆಯ ಮಾತೇ ಇಲ್ಲ. ಉತ್ತರದ ಕಲಾದಗಿ ಮತ್ತು ಭೀಮಾ ತೀರದ ಸುಣ್ಣಕಲ್ಲುಗಳು ಕೂಡ ಶಾರ್ಕುಗಳಿಗಿಂತ ಹಳೆಯವೇ.

ಒಂದು ಮಾತನ್ನು ಮಕ್ಕಳಿಗೆ ಮರೆಯದೆ ಹೇಳಿ. ನಮ್ಮ ಹೊಲಗಳಲ್ಲಿ ಮೊನಚಾದ ತ್ರಿಕೋನಾಕಾರದ ಕಲ್ಲು ಸಿಕ್ಕರೆ ಅದು ಹಲ್ಲಲ್ಲ, ಆದರೆ ಎಸೆಯಬೇಕಾದ ವಸ್ತುವೂ ಅಲ್ಲ. ಬ್ರಹ್ಮಗಿರಿ ಮತ್ತು ಚಂದ್ರವಳ್ಳಿ ಇರುವ ಜಿಲ್ಲೆ ನಮ್ಮದು. ಅದು ಶಿಲಾಯುಗದವರ ಕೈಯ ಆಯುಧವಾಗಿರುವ ಸಂಭವವಿದೆ. ಅಂಥದನ್ನು ಸಿಕ್ಕ ಜಾಗದ ವಿವರದೊಂದಿಗೆ ಪುರಾತತ್ವ ಇಲಾಖೆಯವರಿಗೆ ತೋರಿಸಬೇಕು.

ಪ್ರಾಚೀನ ಶಾರ್ಕುಗಳ ಹಲ್ಲು ಸಿಗುವ ನೆಲ ಭಾರತದಲ್ಲಿ ಬೇಕಾದಷ್ಟಿದೆ. ತಮಿಳುನಾಡಿನ ಅರಿಯಲೂರು–ಪೆರಂಬಲೂರು ಭಾಗದ ಕ್ರಿಟೇಷಿಯಸ್ (ಡೈನೋಸಾರ್‌ಗಳ ಕೊನೆಯ ಯುಗ) ಪದರಗಳು ನಮಗೆ ಹತ್ತಿರದವು. ಕಛ್ ಮತ್ತು ಒಡಿಶಾದ ಬಾರಿಪದದಲ್ಲಿ ಮಯೋಸೀನ್ ಯುಗದ (ಸುಮಾರು 2.3 ಕೋಟಿಯಿಂದ 50 ಲಕ್ಷ ವರ್ಷ ಹಿಂದಿನ) ಹಲ್ಲುಗಳು ದೊರೆತಿವೆ. ಜೈಸಲ್ಮೇರಿನ ಜುರಾಸಿಕ್ ಶಿಲೆಗಳಲ್ಲಿ ಸಿಕ್ಕ, ಈಗ ಅಳಿದುಹೋಗಿರುವ ಹೈಬೋಡಾಂಟ್ ಗುಂಪಿನ ಶಾರ್ಕಿಗೆ 2021ರಲ್ಲಿ ‘ಸ್ಟ್ರೋಫೋಡಸ್ ಜೈಸಲ್ಮೇರೆನ್ಸಿಸ್’ ಎಂದು ಹೆಸರಿಟ್ಟರು.

ಇನ್ನು ನಿಮ್ಮ ಕೈಯಲ್ಲಿರುವ ಹಲ್ಲು. ನಿಮ್ಮ ವರ್ಣನೆ ಸರಿಯಾಗಿದ್ದರೆ ಅದು ಮೆಗಲೊಡಾನ್ ಅಲ್ಲ, ಅದರ ಪೂರ್ವಜರ ಸಾಲಿನಲ್ಲಿ ಬರುವ ‘ಓಟೋಡಸ್ ಒಬ್ಲಿಕ್ವಸ್’. ಈ ವಂಶದ ಹಲ್ಲುಗಳನ್ನು ವಯಸ್ಸಿನ ಕ್ರಮದಲ್ಲಿ ಜೋಡಿಸಿ ನೋಡಿದರೆ ಬದಲಾವಣೆ ಕಣ್ಣಿಗೇ ಕಾಣುತ್ತದೆ. ಡೈನೋಸಾರ್‌ಗಳು ಅಳಿದ ನಂತರದ ಪ್ಯಾಲಿಯೋಸೀನ್ ಮತ್ತು ಇಯೋಸೀನ್ ಯುಗದ ಒಬ್ಲಿಕ್ವಸ್ ಹಲ್ಲಿಗೆ ನುಣುಪಾದ ಅಂಚು ಮತ್ತು ಪಕ್ಕದ ಮೊನೆಗಳಿವೆ. ಅದರ ನಂತರ ಬಂದ ಆರಿಕ್ಯುಲೇಟಸ್ ಹಲ್ಲಿನಲ್ಲಿ ಪಕ್ಕದ ಮೊನೆಗಳು ಉಳಿದುಕೊಂಡಿದ್ದರೂ ಅಂಚು ಗರಗಸದಂತೆ ಕಚ್ಚುಕಚ್ಚಾಗಿದೆ. ಮುಂದೆ ಆ ಮೊನೆಗಳು ಕುಗ್ಗುತ್ತಾ ಬಂದು, ಮಯೋಸೀನ್ ಯುಗದ ಮೆಗಲೊಡಾನ್ ಹೊತ್ತಿಗೆ ಬೆಳೆದ ಶಾರ್ಕಿನಲ್ಲಿ ಪೂರ್ತಿ ಮಾಯವಾಗಿ, ಉದ್ದಕ್ಕೂ ಒಂದೇ ಸಮನಾದ ಸಣ್ಣ ಕಚ್ಚುಗಳ ಅಗಲವಾದ ತ್ರಿಕೋನ ಉಳಿಯುತ್ತದೆ. ಜೇನುಬಣ್ಣ ಮತ್ತು ಮರಳಂಟಿದ ಬುಡವನ್ನು ನೋಡಿದರೆ ನಿಮ್ಮದು ಮೊರಾಕ್ಕೋ ದೇಶದ ಖೂರಿಬ್ಗಾ ಫಾಸ್ಫೇಟ್ ಗಣಿಗಳ ಕಡೆಯದಿರಬೇಕು. ಅಲ್ಲಿಂದ ಇಂಥವು ಮೂಟೆಗಟ್ಟಲೆ ಮಾರುಕಟ್ಟೆಗೆ ಬರುತ್ತವೆ. ‘ಮೆಗಲೊಡಾನ್’ ಎಂದರೆ ಬೆಲೆ ಏರುತ್ತದೆ ಎಂಬುದು ಅಂಗಡಿಯವರಿಗೆ ಗೊತ್ತು.

ಉತ್ತರ: ದಂತವೈದ್ಯೆ, ದಾವಣಗೆರೆ

ಹಿರಿಯರು ಶಿಲೆಯ ಮಾತು ಹೇಳಿದ್ದಾರೆ. ನಾನು ಹಲ್ಲಿನ ಮಾತು ಹೇಳುತ್ತೇನೆ. ಶಾರ್ಕಿನ ಅಸ್ಥಿಪಂಜರ ಮೂಳೆಯದಲ್ಲ, ಮೃದ್ವಸ್ಥಿಯದು. ಅದು ಸತ್ತ ಮೇಲೆ ಬೇಗ ಕೊಳೆತುಹೋಗುವುದರಿಂದ ಸಾಮಾನ್ಯವಾಗಿ ಉಳಿಯುವುದು ಹಲ್ಲು ಮಾತ್ರ. ಹಲ್ಲಿನ ಒಳಭಾಗ ನಮ್ಮದರಂತೆ ಡೆಂಟಿನ್. ಹೊರಪದರವನ್ನು ಎನಾಮಲಾಯ್ಡ್ ಎನ್ನುತ್ತಾರೆ. ನಮ್ಮ ಎನಾಮಲ್‌ನ ಖನಿಜ ಹೈಡ್ರಾಕ್ಸಿಅಪಟೈಟ್ ಆದರೆ, ಶಾರ್ಕಿನದು ಫ್ಲೋರೈಡ್ ಸೇರಿದ ಫ್ಲೋರಪಟೈಟ್, ಆದ್ದರಿಂದ ಆಮ್ಲದಲ್ಲಿ ಅಷ್ಟು ಸುಲಭವಾಗಿ ಕರಗುವುದಿಲ್ಲ. ಚಿತ್ರದುರ್ಗ ಜಿಲ್ಲೆಯ ಕೊಳವೆಬಾವಿಗಳ ನೀರಿನಲ್ಲಿರುವ ಫ್ಲೋರೈಡ್‌ನಿಂದ ಹಳದಿ, ಕಂದು ಕಲೆಯಾದ ಮಕ್ಕಳ ಹಲ್ಲುಗಳನ್ನು ಆಗಾಗ ನೋಡುವ ನನಗೆ, ಅದೇ ಫ್ಲೋರೈಡ್ ಶಾರ್ಕಿನ ಹಲ್ಲಿನ ಸಹಜ ಅಂಶವಾಗಿರುವುದು ಎಂದಿಗೂ ಕುತೂಹಲದ ಸಂಗತಿ. ಆದರೆ ಫ್ಲೋರೈಡ್ ಇದ್ದ ಮಾತ್ರಕ್ಕೆ ಆ ಹಲ್ಲು ನಮ್ಮದಕ್ಕಿಂತ ಗಡಸಾಗಿರುತ್ತದೆ ಎಂದುಕೊಳ್ಳಬೇಡಿ. ಮಾಕೋ ಮತ್ತು ಟೈಗರ್ ಶಾರ್ಕುಗಳ ಹಲ್ಲುಗಳನ್ನು ಪರೀಕ್ಷಿಸಿದ ಜರ್ಮನಿಯ ಸಂಶೋಧಕರು, ಅವುಗಳ ಗಡಸುತನ ಹೆಚ್ಚುಕಡಿಮೆ ಮನುಷ್ಯರ ಹಲ್ಲಿನಷ್ಟೇ ಎಂದು 2012ರಲ್ಲಿ ಪ್ರಕಟಿಸಿದರು.

ಅಷ್ಟೊಂದು ಹಲ್ಲುಗಳು ಸಿಗುವುದಕ್ಕೆ ಇನ್ನೊಂದು ಕಾರಣ, ಅವು ಉದುರುತ್ತಲೇ ಇರುತ್ತವೆ ಎಂಬುದು. ಶಾರ್ಕಿನ ಹಲ್ಲು ನಮ್ಮ ಹಲ್ಲಿನಂತೆ ದವಡೆಯ ಗುಳಿಯಲ್ಲಿ ಊರಿರುವುದಿಲ್ಲ. ವಸಡಿನ ನಾರುಗಳು ಅದನ್ನು ಹಿಡಿದಿರುತ್ತವೆ. ಒಳಗಡೆ ಸಾಲು ಸಾಲಾಗಿ ಹುಟ್ಟಿದ ಹೊಸ ಹಲ್ಲುಗಳು ಮುಂದಕ್ಕೆ ಸರಿಯುತ್ತಾ ಹಳೆಯವನ್ನು ಹೊರಹಾಕುತ್ತವೆ. ಎಳೆಯ ಲೆಮನ್ ಶಾರ್ಕುಗಳಲ್ಲಿ ಒಂದು ಹಲ್ಲು ಬದಲಾಗಲು ಸುಮಾರು 8 ದಿನ ಸಾಕು. ಒಂದೇ ಪ್ರಾಣಿ ತನ್ನ ಬಾಳಿನಲ್ಲಿ ಸಾವಿರಾರು ಹಲ್ಲುಗಳನ್ನು ಸಮುದ್ರದ ತಳಕ್ಕೆ ಬಿಡುತ್ತದೆ. ಇವು ಹಲ್ಲುಗಳೇ ಎಂದು ಒಪ್ಪಿಕೊಳ್ಳಲು ಮಾತ್ರ ಜನಕ್ಕೆ ಬಹಳ ಕಾಲ ಬೇಕಾಯಿತು. ಯುರೋಪಿನಲ್ಲಿ ಇವನ್ನು ‘ನಾಲಿಗೆಗಲ್ಲು’ಗಳೆಂದು ಕರೆದು, ವಿಷಕ್ಕೆ ಮದ್ದೆಂದು ಇಟ್ಟುಕೊಳ್ಳುತ್ತಿದ್ದರು. 1666ರಲ್ಲಿ ಇಟಲಿಯ ಲಿವೋರ್ನೋ ಬಳಿ ಹಿಡಿದ ದೊಡ್ಡ ಶಾರ್ಕೊಂದರ ತಲೆಯನ್ನು ಕೊಯ್ದು ನೋಡಿದ ನಿಕೋಲಸ್ ಸ್ಟೆನೋ, ಅದರ ಬಾಯಲ್ಲಿದ್ದದ್ದೂ ಬಂಡೆಯಲ್ಲಿ ಸಿಗುವ ಆ ಕಲ್ಲುಗಳೂ ಒಂದೇ ಎಂದು ಮರುವರ್ಷ ಬರೆದನು. ಸ್ಟೆನೋ ನನ್ನಂತೆಯೇ ದೇಹ ಕೊಯ್ದು ಕಲಿತವನಾದ್ದರಿಂದ ನನಗೆ ಅವನ ಮೇಲೆ ಸ್ವಲ್ಪ ಹೆಚ್ಚು ಅಭಿಮಾನ.

ನಿಮ್ಮ ಹಲ್ಲನ್ನು ಹತ್ತು ಪಟ್ಟು ಹಿಗ್ಗಿಸುವ ಭೂತಗನ್ನಡಿಯಿಂದ ನೋಡಿ. ಮೊರಾಕ್ಕೋದ ಹಲ್ಲುಗಳಲ್ಲಿ ಒಂದರ ಮೊನೆಗೆ ಇನ್ನೊಂದರ ಬುಡವನ್ನು ಅಂಟಿಸಿ, ಬೆಸುಗೆ ಕಾಣದಂತೆ ಗೋಂದಿಗೆ ಮರಳು ಬೆರೆಸಿ ಸವರುವುದುಂಟು. ಬುಡ ಮತ್ತು ಮೊನೆ ಕೂಡುವ ಗೆರೆಯ ಮೇಲೆ ಮರಳು ದಪ್ಪಗಿದ್ದರೆ ಒದ್ದೆ ಬಟ್ಟೆಯಿಂದ ಮೆಲ್ಲನೆ ಒರೆಸಿ. ಸಹಜವಾದ ಬುಡದಲ್ಲಿ ರಕ್ತನಾಳಗಳು ಹೋಗಿದ್ದ ಸೂಕ್ಷ್ಮ ರಂಧ್ರಗಳು ಕಾಣುತ್ತವೆ. ಅಚ್ಚು ಹಾಕಿದ ರಾಳದ ಹಲ್ಲಾದರೆ ಗಾಳಿಗುಳ್ಳೆಗಳ ಗುರುತು, ಅಂಚಿನ ಉದ್ದಕ್ಕೂ ಅಚ್ಚಿನ ಗೆರೆ ಇರುತ್ತದೆ. ಮುಟ್ಟಿದಾಗ ಕಲ್ಲಿನ ತಂಪು ಇರುವುದಿಲ್ಲ. ಬಣ್ಣವನ್ನು ನೋಡಿ ವಯಸ್ಸು ಹೇಳಲು ಹೋಗಬೇಡಿ, ಹೂತಿದ್ದ ಮಣ್ಣಿನ ಖನಿಜಗಳೇ ಅದನ್ನು ನಿರ್ಧರಿಸುತ್ತವೆ.

ದುರ್ಗದ ವಿಜ್ಞಾನ ಶಿಕ್ಷಕ

ಸರ್, ಮೇಡಂ, ಇಬ್ಬರಿಗೂ ಧನ್ಯವಾದ. ಭೂತಗನ್ನಡಿಯಿಂದ ನೋಡಿದೆ. ಬುಡದ ಒಂದು ಮೂಲೆಯಲ್ಲಿ ಮರಳು ಬೆರೆಸಿದ ಗೋಂದು ಇದೆ, ಆ ಮೂಲೆ ಮುರಿದದ್ದನ್ನು ತುಂಬಿದಂತಿದೆ; ಉಳಿದ ಬುಡದಲ್ಲಿ ರಂಧ್ರಗಳು ಸ್ಪಷ್ಟವಾಗಿವೆ, ಮೊನೆಯ ಕೆಳಗೆ ಬೆಸುಗೆಯ ಗೆರೆ ಕಾಣಲಿಲ್ಲ. ಹೆಲಿಕೋಪ್ರಿಯಾನ್ ಬಗ್ಗೆ ಯಾರಾದರೂ ವಿವರವಾಗಿ ತಿಳಿಸಿದರೆ ಉಪಕಾರವಾಗುತ್ತದೆ.

ಉತ್ತರ: ಪ್ರಾಣಿಶಾಸ್ತ್ರ ಉಪನ್ಯಾಸಕ, ದಾವಣಗೆರೆ

ಹೆಲಿಕೋಪ್ರಿಯಾನ್ ಚಿತ್ರಗಳು ಬೇರೆಬೇರೆಯಾಗಿರುವುದಕ್ಕೆ ಸಕಾರಣವಿದೆ. ಸುಮಾರು 29ರಿಂದ 27 ಕೋಟಿ ವರ್ಷಗಳ ಹಿಂದೆ, ಪರ್ಮಿಯನ್ ಯುಗದಲ್ಲಿ ಬದುಕಿದ್ದ ಈ ಪ್ರಾಣಿಯದೆಂದು ಸಿಗುವುದು ಸಾಮಿಲ್ಲಿನ ಗರಗಸಚಕ್ರದಂತಿರುವ ಹಲ್ಲುಗಳ ಒಂದು ಸುರುಳಿ; ದೊಡ್ಡ ಸುರುಳಿಯಲ್ಲಿ ನೂರಕ್ಕೂ ಹೆಚ್ಚು ಹಲ್ಲುಗಳಿರುತ್ತವೆ. ರಷ್ಯಾದ ಯೂರಲ್ ಸೀಮೆಯಲ್ಲಿ ಸಿಕ್ಕ ಸುರುಳಿಗೆ ಅಲೆಕ್ಸಾಂಡರ್ ಕಾರ್ಪಿನ್‌ಸ್ಕಿ 1899ರಲ್ಲಿ ಹೆಸರಿಟ್ಟಾಗ, ಅದು ಮೇಲ್ದವಡೆಯಿಂದ ಹೊರಬಂದು ಮೂತಿಯ ಮೇಲೆ ಸುತ್ತಿಕೊಂಡಿತ್ತೆಂದು ಊಹಿಸಿದನು. ಆಮೇಲೆ ಬಂದವರು ಅದನ್ನು ಬೆನ್ನಿನ ಈಜುರೆಕ್ಕೆಯಲ್ಲಿಟ್ಟರು, ಬಾಲದಲ್ಲಿಟ್ಟರು, ಕೆಳದವಡೆಯ ತುದಿಯಿಂದ ನೇತುಹಾಕಿದರು. ನಿಮ್ಮ ಪುಸ್ತಕಗಳಲ್ಲಿರುವುದು ಈ ಊಹೆಗಳ ಸಾಲು.

ಅಮೆರಿಕದ ಐಡಾಹೋದ ಫಾಸ್ಫೇಟ್ ಗಣಿಗಳಲ್ಲಿ ಸಿಕ್ಕ ಒಂದು ಮಾದರಿಯಲ್ಲಿ ಮಾತ್ರ ಸುರುಳಿಯ ಜೊತೆ ದವಡೆಯ ಮೃದ್ವಸ್ಥಿಯೂ ಉಳಿದಿತ್ತು. ಬೆಂಡಿಕ್ಸ್-ಆಲ್ಮ್‌ಗ್ರೀನ್ ಎಂಬ ವಿದ್ವಾಂಸರು 1966ರಲ್ಲಿ ಅದನ್ನು ವರ್ಣಿಸಿ, ಸುರುಳಿಯ ಜಾಗ ಕೆಳದವಡೆ ಎಂದರು. ಲೀಫ್ ಟಪನಿಲಾ ಮತ್ತು ಸಂಗಡಿಗರು ಅದೇ ಕಲ್ಲನ್ನು ಸಿ.ಟಿ. ಸ್ಕ್ಯಾನ್‌ಗೆ ಒಳಪಡಿಸಿ 2013ರಲ್ಲಿ ಫಲಿತಾಂಶ ಪ್ರಕಟಿಸಿದಾಗ ವಾದ ಬಹುಮಟ್ಟಿಗೆ ತೀರಿತು. ಸುರುಳಿ ಕೆಳದವಡೆಯ ನಡುಗೆರೆಯಲ್ಲಿ, ದವಡೆಯ ಉದ್ದವನ್ನೆಲ್ಲ ಆವರಿಸಿಕೊಂಡು ಕುಳಿತಿತ್ತು; ಮೇಲ್ದವಡೆಯಲ್ಲಿ ಅದಕ್ಕೆ ಎದುರಾದ ಹಲ್ಲುಗಳಿರಲಿಲ್ಲ. ಬಾಯಿ ಮುಚ್ಚುವಾಗ ಹಲ್ಲುಗಳು ಹಿಂದಕ್ಕೆ ಹೊರಳುತ್ತಿದ್ದುದರಿಂದ, ಸ್ಕ್ವಿಡ್‌ನಂಥ ಮೆತ್ತನೆಯ ಬೇಟೆಯನ್ನು ಕೊಯ್ದು ಗಂಟಲಿಗೆ ತಳ್ಳಲು ಅದು ತಕ್ಕ ಸಾಧನವಾಗಿತ್ತು. ವೈದ್ಯೆಯವರು ಹೇಳಿದ ಉದುರುವ ನಿಯಮವೂ ಇಲ್ಲಿ ಸಲ್ಲುವುದಿಲ್ಲ. ಹೊಸ ಹಲ್ಲು ಹಿಂದುಗಡೆ ಹುಟ್ಟಿದಂತೆಲ್ಲ ಹಳೆಯವು ಮುಂದೆ ಸರಿದು, ಕೆಳಗಿಳಿದು, ಸುರುಳಿಯ ಒಳಗೆ ಸೇರಿಕೊಳ್ಳುತ್ತಿದ್ದವು. ಆದ್ದರಿಂದ ಸುರುಳಿಯ ನಟ್ಟನಡುವೆ ಕಾಣುವ ಅತಿ ಚಿಕ್ಕ ಹಲ್ಲುಗಳು ಆ ಪ್ರಾಣಿ ಮರಿಯಾಗಿದ್ದಾಗಿನವು. ನನ್ನ ಮಟ್ಟಿಗೆ ಪಳೆಯುಳಿಕೆ ಲೋಕದಲ್ಲಿ ಇದಕ್ಕಿಂತ ಸೊಗಸಾದ ವಸ್ತು ವಿರಳ.

ಇನ್ನೊಂದು ವಿಷಯ: ಅದು ಶಾರ್ಕೇ ಅಲ್ಲ. ದವಡೆ ತಲೆಬುರುಡೆಗೆ ಕೂಡಿಕೊಂಡಿರುವ ರೀತಿಯನ್ನು ನೋಡಿದರೆ, ಇಂದಿಗೂ ಅರಬ್ಬಿ ಸಮುದ್ರದ ಆಳದಲ್ಲಿರುವ, ಶಾರ್ಕುಗಳ ದೂರದ ಬಂಧುಗಳಾದ ಕೈಮೀರಾ ಮೀನುಗಳ ಕಡೆಯ ನಂಟು ಕಾಣುತ್ತದೆ. ಅದರ ಬಂಧುವಾದ, ಇನ್ನೂ ಹಿಂದಿನ ಕಾರ್ಬೊನಿಫೆರಸ್ ಯುಗದ ಎಡೆಸ್ಟಸ್‌ಗೆ ಮೇಲೆ ಕೆಳಗೆ ಎರಡೂ ಕಡೆ ಬಾಗಿದ ಹಲ್ಲಿನ ಅಲಗುಗಳಿದ್ದವು. ಹೆಲಿಕೋಪ್ರಿಯಾನ್‌ನ ಮುಂಡ, ರೆಕ್ಕೆ, ಬಾಲಗಳಾವುವೂ ಇಂದಿಗೂ ದೊರೆತಿಲ್ಲವಾದ್ದರಿಂದ ಕಲಾವಿದರು ಅವನ್ನು ಬಂಧುಗಳಿಂದ ಎರವಲು ತಂದು ಬರೆಯುತ್ತಾರೆ.

ಹಲ್ಲು ಏನನ್ನು ಹೇಳುತ್ತದೆ, ಏನನ್ನು ಹೇಳುವುದಿಲ್ಲ ಎಂಬುದಕ್ಕೆ ಟೈಕೋಡಸ್ ಎಂಬ ಕ್ರಿಟೇಷಿಯಸ್ ಶಾರ್ಕು ಇನ್ನೂ ಒಳ್ಳೆಯ ನಿದರ್ಶನ. ಅದರ ಹಲ್ಲುಗಳು ಅರಿಯಲೂರು ಕಡೆಯ ಪದರಗಳಲ್ಲಿಯೂ ಸಿಕ್ಕಿವೆ. ಅವು ಚಪ್ಪಟೆಯಾಗಿ, ಮೇಲ್ಮೈಯಲ್ಲಿ ದಪ್ಪ ಏಣುಗಳನ್ನು ಹೊಂದಿದ್ದು, ಒಂದಕ್ಕೊಂದು ಒತ್ತಾಗಿ ಜೋಡಣೆಯಾಗಿರುತ್ತವೆ. ಚಿಪ್ಪು ಪುಡಿಮಾಡುವ ಹಲ್ಲು ಇದೆಂಬುದು ಮೊದಲಿನಿಂದಲೂ ಸ್ಪಷ್ಟವಾಗಿತ್ತು. ಲೂಯಿ ಅಗಾಸೀ 19ನೇ ಶತಮಾನದಲ್ಲಿ ಹೆಸರಿಟ್ಟಾಗಿನಿಂದ, ಇಂಥ ಹಲ್ಲಿದ್ದ ಮೇಲೆ ತಳದಲ್ಲಿ ತೆವಳಿ ಕಪ್ಪೆಚಿಪ್ಪು ಆಯ್ದು ತಿನ್ನುತ್ತಿದ್ದ ಮಂದಗತಿಯ ಪ್ರಾಣಿಯೇ ಇರಬೇಕೆಂದು ಹಲವರು ತೀರ್ಮಾನಿಸಿದ್ದರು. ಕೆಲವರು ಅದನ್ನು ತೊರಕೆ ಮೀನುಗಳ ಜೊತೆಗೆ, ಇನ್ನು ಕೆಲವರು ಹೈಬೋಡಾಂಟ್‌ಗಳ ಜೊತೆಗೆ ಸೇರಿಸಿದರು. ಮೆಕ್ಸಿಕೋದ ವಯೆಸೀಯೋದಲ್ಲಿ ದೊರೆತ, ದೇಹದ ಹೊರರೇಖೆ ಸಹಿತ ಉಳಿದ ಮಾದರಿಗಳು 2024ರಲ್ಲಿ ಪ್ರಕಟವಾದಾಗ ಕಂಡದ್ದು ಬೇರೆಯೇ ಪ್ರಾಣಿ: ತೆರೆದ ಸಮುದ್ರದಲ್ಲಿ ವೇಗವಾಗಿ ಈಜುವ ಮೈಕಟ್ಟಿನ, ಇಂದಿನ ಬಿಳಿ ಶಾರ್ಕು ಸೇರಿರುವ ಗಣದ್ದೇ ಆದ ಶಾರ್ಕು. ಅದು ಅಮೊನೈಟು (ಸುರುಳಿ ಚಿಪ್ಪಿನ ಕಡಲಜೀವಿ) ಮತ್ತು ಆಮೆಗಳನ್ನು ಬೆನ್ನಟ್ಟಿ ತಿನ್ನುತ್ತಿದ್ದಿರಬೇಕು. ಗಟ್ಟಿ ಆಹಾರವನ್ನು ಪುಡಿಮಾಡುತ್ತಿತ್ತು ಎಂಬ ಹಲ್ಲಿನ ಸಾಕ್ಷ್ಯ ಸುಳ್ಳಾಗಲಿಲ್ಲ. ನಿಧಾನವಾಗಿ ತೆವಳುತ್ತಿತ್ತು ಎಂಬುದು ಹಲ್ಲು ಹೇಳಿದ ಮಾತಾಗಿರಲಿಲ್ಲ, ನಾವು ಸೇರಿಸಿದ್ದಾಗಿತ್ತು.

ಪ್ರತಿಕ್ರಿಯೆ: ಚಳ್ಳಕೆರೆಯ ಓದುಗ

ಉಪನ್ಯಾಸಕರ ಮಾತು ಓದಿದ ಮೇಲೆ ನನಗೊಂದು ಅನುಮಾನ. ಮೆಗಲೊಡಾನ್ 60 ಅಡಿ, 80 ಅಡಿ ಉದ್ದವಿತ್ತೆಂದು ಪತ್ರಿಕೆಗಳಲ್ಲಿ ಬರುತ್ತದೆ. ದೇಹವೇ ಸಿಗದ ಮೇಲೆ ಇದೂ ಸೇರಿಸಿದ್ದೇ ಅಲ್ಲವೇ? ಹಾಗಿದ್ದರೆ ಮಕ್ಕಳಿಗೆ ಅಂಕಿಯನ್ನೇಕೆ ಹೇಳಬೇಕು?

ಉತ್ತರ: ಪ್ರಾಣಿಶಾಸ್ತ್ರ ಉಪನ್ಯಾಸಕ, ದಾವಣಗೆರೆ

ಅನುಮಾನ ನ್ಯಾಯವಾದದ್ದೇ, ಆದರೆ ಅಂಕಿಯನ್ನು ಕೈಬಿಡುವುದಕ್ಕಿಂತ ಅದು ಬಂದ ದಾರಿಯನ್ನು ಹೇಳುವುದು ಮೇಲು. ನ್ಯೂಯಾರ್ಕಿನ ವಸ್ತುಸಂಗ್ರಹಾಲಯದಲ್ಲಿ 1909ರಲ್ಲಿ ಮೆಗಲೊಡಾನ್ ದವಡೆಯನ್ನು ಮರುರಚಿಸಿದಾಗ ಪಕ್ಕದ ಹಲ್ಲುಗಳನ್ನೂ ಮುಂದಿನವುಗಳಷ್ಟೇ ದೊಡ್ಡದಾಗಿ ಜೋಡಿಸಿದ್ದರಿಂದ, ಶಾರ್ಕಿನ ಉದ್ದ 30 ಮೀಟರಿನವರೆಗೂ ಹೋಯಿತು. ವಾಸ್ತವದಲ್ಲಿ ಒಂದೇ ಬಾಯಿಯ ಮುಂಭಾಗದ ಹಲ್ಲು ನೆಟ್ಟಗೆ, ಎತ್ತರವಾಗಿದ್ದರೆ, ಹಿಂಭಾಗದ್ದು ಗಿಡ್ಡವಾಗಿ ಓರೆಯಾಗಿರುತ್ತದೆ. ಸಿಕ್ಕ ಬಿಡಿ ಹಲ್ಲು ಯಾವ ಜಾಗದ್ದೆಂದು ತಪ್ಪಾಗಿ ಎಣಿಸಿದರೆ ಉದ್ದದ ಲೆಕ್ಕವೂ ಕೆಡುತ್ತದೆ.

ಮೇಷ್ಟ್ರಿಗೆ ಇದು ಇಷ್ಟವಾಗಬಹುದು: ಅಮೆರಿಕದ ಶಾಲಾ ವಿದ್ಯಾರ್ಥಿಗಳಿಗೆ ಒಂದೇ ಮೆಗಲೊಡಾನ್‌ನ ಹಲ್ಲುಗಳ ಪಡಿಯಚ್ಚುಗಳನ್ನು ಕೊಟ್ಟು, ಹಲ್ಲಿನ ಎತ್ತರದಿಂದ ಶಾರ್ಕಿನ ಉದ್ದವನ್ನು ಕಂಡುಹಿಡಿಯುವ ಅಂದಿನ ಸೂತ್ರವನ್ನು ಹೇಳಿಕೊಟ್ಟಾಗ, ಉತ್ತರಗಳು 40 ಅಡಿಯಿಂದ 148 ಅಡಿಯವರೆಗೆ ಹರಡಿಕೊಂಡವು. ಮಕ್ಕಳ ಲೆಕ್ಕ ಸರಿಯಾಗಿಯೇ ಇತ್ತು. ಹಿಂಭಾಗದ ಹಲ್ಲುಗಳಿಗೆ ಆ ಸೂತ್ರ ಸಲ್ಲುತ್ತಿರಲಿಲ್ಲ. ಆ ತರಗತಿಯ ಗೊಂದಲದಿಂದಲೇ ಎಚ್ಚೆತ್ತ ಸಂಶೋಧಕರು ಹಲ್ಲುಗಳ ಅಗಲವನ್ನು ಆಧರಿಸಿದ ಹೊಸ ವಿಧಾನವನ್ನು 2021ರಲ್ಲಿ ಪ್ರಕಟಿಸಿದರು; ಅದರ ಪ್ರಕಾರ ಗರಿಷ್ಠ ಉದ್ದ ಸುಮಾರು 20 ಮೀಟರ್. ಹಲ್ಲಿನಾಚೆಗೂ ಒಂದಿಷ್ಟು ಪುರಾವೆ ಇದೆ. ಬೆಲ್ಜಿಯಂನಲ್ಲಿ ಬೆನ್ನೆಲುಬಿನ ಬಿಲ್ಲೆಗಳ ಸಾಲೊಂದು ಸಿಕ್ಕಿದೆ. ಡೆನ್ಮಾರ್ಕಿನ ಬಿಲ್ಲೆಯೊಂದು 23 ಸೆಂಟಿಮೀಟರ್ ಅಗಲವಿದೆ. ಇವೆರಡನ್ನೂ ಹೋಲಿಸಿ 2025ರ ಅಧ್ಯಯನವೊಂದು 24 ಮೀಟರಿನ ಅಂದಾಜು ಕೊಟ್ಟಿತು. ನೀವು ಓದಿದ 80 ಅಡಿ ಬಂದದ್ದು ಅಲ್ಲಿಂದ. ಮೈಕಟ್ಟು ದಪ್ಪವಾಗಿತ್ತೇ, ತೆಳ್ಳಗಿತ್ತೇ ಎಂಬ ಜಗಳ ಇನ್ನೂ ಮುಗಿದಿಲ್ಲ.

ಹಲ್ಲು ದೃಢವಾಗಿ ಹೇಳುವ ಸಂಗತಿಗಳೂ ಇವೆ. ತಿಮಿಂಗಿಲಗಳ ಮೂಳೆಗಳ ಮೇಲಿರುವ ಕಚ್ಚಿದ ಗುರುತುಗಳು ಅದರ ಊಟವನ್ನು ತಿಳಿಸುತ್ತವೆ. ಹಲ್ಲಿನ ಹೊರಪದರದ ಖನಿಜದಲ್ಲಿ ಇಂಗಾಲ ಮತ್ತು ಆಮ್ಲಜನಕದ ಐಸೊಟೋಪುಗಳು (ಒಂದೇ ಮೂಲವಸ್ತುವಿನ, ತೂಕ ಬೇರೆಯಾದ ಪರಮಾಣುಗಳು) ಸೇರಿಕೊಂಡಿರುವ ಬಗೆಯನ್ನು ಅಳೆದು, ಮೆಗಲೊಡಾನ್ ದೇಹ ಸುತ್ತಲಿನ ನೀರಿಗಿಂತ ಸುಮಾರು 7 ಡಿಗ್ರಿ ಸೆಲ್ಸಿಯಸ್ ಬೆಚ್ಚಗಿತ್ತೆಂದು 2023ರಲ್ಲಿ ತೋರಿಸಿದರು. ಬರೀ ಹಲ್ಲಿನಿಂದ ಮೈಯ ಬಿಸುಪನ್ನು ಓದಿದ್ದು ನನಗಂತೂ ಉದ್ದದ ಅಂಕಿಗಿಂತ ದೊಡ್ಡ ಸಾಧನೆಯಾಗಿ ಕಾಣುತ್ತದೆ. ಆ ವಂಶ ಸುಮಾರು 36 ಲಕ್ಷ ವರ್ಷಗಳ ಹಿಂದೆ ನಶಿಸಿತೆಂಬ ಲೆಕ್ಕವೂ, ಕೊನೆಯ ಹಲ್ಲುಗಳು ಯಾವ ಪದರಗಳಲ್ಲಿ ನಿಂತುಹೋಗುತ್ತವೆ ಎಂಬುದರಿಂದ ಬಂದದ್ದು.

ಊಹೆಗಳು ಪರೀಕ್ಷೆಗೆ ಒಳಗಾಗುವುದೇ ಇಲ್ಲ ಎಂದೂ ತಿಳಿಯಬಾರದು. ಕೆನಡಾದ, ಸುಮಾರು 40 ಕೋಟಿ ವರ್ಷ ಹಳೆಯ ಡೆವೋನಿಯನ್ ಶಿಲೆಗಳ ಡೋಲಿಯೋಡಸ್ ಎಂಬ ಪ್ರಾಣಿಗೆ 1892ರಲ್ಲಿ ಬಿಡಿ ಹಲ್ಲುಗಳನ್ನಷ್ಟೇ ನೋಡಿ ‘ಪ್ರಾಬ್ಲಮ್ಯಾಟಿಕಸ್’ ಎಂಬ ಎರಡನೆಯ ಹೆಸರಿಟ್ಟಿದ್ದರು. ಅದರ ದವಡೆ, ತಲೆ ಮತ್ತು ಈಜುರೆಕ್ಕೆಗಳ ಮುಳ್ಳುಗಳು ಒಟ್ಟಿಗೇ ಇರುವ ಮಾದರಿ 2003ರಲ್ಲಿ ಪ್ರಕಟವಾಯಿತು. ಹಲ್ಲು ಶಾರ್ಕಿನ ಕಡೆಯದು ಎಂಬುದು ಸರಿಯಿತ್ತು. ಆದರೆ ಎದೆಯ ಈಜುರೆಕ್ಕೆಗಳ ಮುಂದೆ ಅಷ್ಟು ದೊಡ್ಡ ಮುಳ್ಳುಗಳಿದ್ದವೆಂದು ಹಲ್ಲು ನೋಡಿ ಯಾರೂ ಹೇಳಲಾಗುತ್ತಿರಲಿಲ್ಲ.

ಪ್ರದರ್ಶನದ ಫಲಕದ ಬಗ್ಗೆ ನನ್ನ ಸಲಹೆ ಇಷ್ಟು. ‘ಮೆಗಲೊಡಾನ್’ ಎಂಬುದನ್ನು ತೆಗೆದು, ‘ಓಟೋಡಸ್ ಒಬ್ಲಿಕ್ವಸ್, ಬಹುಶಃ ಮೊರಾಕ್ಕೋ, ಪ್ಯಾಲಿಯೋಸೀನ್ ಅಥವಾ ಇಯೋಸೀನ್ ಯುಗ, ಬುಡದ ಒಂದು ಮೂಲೆ ದುರಸ್ತಿಯಾಗಿದೆ’ ಎಂದು ಬರೆಯಿಸಿ. ದೇಹದ ಚಿತ್ರವನ್ನೂ ಇಡುವುದಾದರೆ ಹಲ್ಲುಗಳನ್ನು ಗಟ್ಟಿ ಗೆರೆಯಲ್ಲಿ, ಉಳಿದದ್ದನ್ನು ಚುಕ್ಕೆ ಗೆರೆಯಲ್ಲಿ ಬರೆಯಲು ಮಕ್ಕಳಿಗೆ ಹೇಳಿ.